ನಾಲ್ಕು ಮಂದಿ, ಒಂದೇ ಜೇಬು: ಮೊದಲ ಫೈನಲ್ ಫ್ಯಾಂಟಸಿಗೆ ಯಾವ ತಂಡ ಕಟ್ಟಬೇಕು?

ಕಾರಟಗಿಯ ನಮ್ಮ ಗೊಬ್ಬರದ ಅಂಗಡಿಗೆ ಬೇಸಿಗೆಯಲ್ಲಿ ಮಧ್ಯಾಹ್ನ ಎರಡರಿಂದ ನಾಲ್ಕರ ತನಕ ಯಾರೂ ಬರುವುದಿಲ್ಲ. ಕಾಲುವೆಯಲ್ಲಿ ನೀರಿಲ್ಲ, ಹೊಲದಲ್ಲಿ ಕೆಲಸ ಇಲ್ಲ, ಲಾರಿ ಕೆಳಗೆ ಮಲಗಿದ ನಾಯಿ ಕೂಡ ಆ ನೆರಳು ಬಿಟ್ಟು ಏಳಲ್ಲ. ಆ ಎರಡು ತಾಸಿನಲ್ಲಿ ನಾನು ಫೋನಿನಲ್ಲಿ ಮೊದಲ ಫೈನಲ್ ಫ್ಯಾಂಟಸಿ ಅನ್ನೋ ವಿಡಿಯೋ ಗೇಮನ್ನು ಮೂರು ಸಲ ಮುಗಿಸಿದ್ದೇನೆ. ಒಂದು ಸಲ ಅರ್ಧಕ್ಕೆ ಬಿಟ್ಟಿದ್ದೇನೆ. ಕಲಿತದ್ದು ಮಾತ್ರ ಆ ಬಿಟ್ಟ ಸಲವೇ ಜಾಸ್ತಿ.

ಮೊನ್ನೆ ಸಿಂಧನೂರಿನಿಂದ ಚಿಕ್ಕಪ್ಪನ ಮಗ ಬಂದಿದ್ದ. ಆಟ ಹಾಕಿಸಿಕೊಂಡ, ಮೊದಲನೇ ಪರದೆಯಲ್ಲೇ ನಿಂತುಬಿಟ್ಟ. "ಅಣ್ಣಾ, ನಾಕೂ ಮಂದಿ ವಾರಿಯರ್ ತಗೊಂಡ್ರ ಆಗಂಗಿಲ್ಲೇನು?" ಆಗುತ್ತೆ ಕಣಪ್ಪಾ, ಆದರೆ ನಮ್ಮ ಕಡೆ ಬಯಲಾಟ ಕಟ್ಟುವಾಗಿನ ಗೋಳು ನೋಡಿದ್ದೀಯಲ್ಲ, ಭೀಮನ ಪಾತ್ರಕ್ಕೆ ಆರು ಜನ ಬರ್ತಾರೆ, ಮದ್ದಲೆ ಬಾರಿಸೋಕೆ ಒಬ್ಬನೂ ಸಿಗಲ್ಲ, ಹಂಗಾಗುತ್ತೆ ಅಂದೆ. ಅವನಿಗೆ ಅವತ್ತು ಬಾಯಲ್ಲಿ ಹೇಳಿದ್ದನ್ನೇ ಈಗ ಬಿಡಿಸಿ ಬರೆಯುತ್ತಿದ್ದೇನೆ.

ಆಟ ಗೊತ್ತಿಲ್ಲದವರಿಗೆ ಎರಡು ಮಾತು. ಇದು 1987ರ ಡಿಸೆಂಬರ್‌ನಲ್ಲಿ ಜಪಾನಿನಲ್ಲಿ ಬಂದ ಆಟ. ಸ್ಕ್ವೇರ್ ಕಂಪನಿಯದು, ಹಿರೊನೊಬು ಸಕಾಗುಚಿ ಅವರ ಮುಂದಾಳತ್ವದಲ್ಲಿ ಆದದ್ದು. ಫೋನಿಗೆ ಮತ್ತು ಕಂಪ್ಯೂಟರಿಗೆ 2021ರಲ್ಲಿ ಪಿಕ್ಸೆಲ್ ರೀಮಾಸ್ಟರ್ ಅಂತ ಹೊಸದಾಗಿ ಬಂತು, 2023ರಲ್ಲಿ ಸ್ವಿಚ್ ಮತ್ತು ಪ್ಲೇಸ್ಟೇಷನ್ 4ಕ್ಕೂ ಬಂತು. ಶುರುವಿನಲ್ಲೇ ಆರು ಕಸುಬಿನವರು ಎದುರಿಗೆ ನಿಲ್ಲುತ್ತಾರೆ: ವಾರಿಯರ್, ಥೀಫ್, ಮಂಕ್, ರೆಡ್ ಮೇಜ್, ವೈಟ್ ಮೇಜ್, ಬ್ಲ್ಯಾಕ್ ಮೇಜ್. ಮೇಜ್ ಅಂದರೆ ಮಂತ್ರವಾದಿ: ವೈಟ್ ಗುಣ ಮಾಡೋರು, ಬ್ಲ್ಯಾಕ್ ಬೆಂಕಿ ಹಾಕೋರು, ರೆಡ್ ಎರಡೂ ಸ್ವಲ್ಪ ಸ್ವಲ್ಪ. ಅವರಲ್ಲಿ ನಾಲ್ವರನ್ನು ಆರಿಸಬೇಕು. ಒಂದೇ ಕಸುಬಿನವರನ್ನು ಎಷ್ಟು ಬೇಕಾದರೂ ತಗೊಳ್ಳಬಹುದು, ಹಾಗಾಗಿ ಒಟ್ಟು 126 ಬಗೆಯ ತಂಡ ಆಗುತ್ತೆ. ಒಮ್ಮೆ ಆರಿಸಿದರೆ ಮುಗೀತು, ಆಟ ಮುಗಿಯೋ ತನಕ ಇವರೇ. ನಡುವೆ ಬೇರೆಯವರನ್ನು ಸೇರಿಸಿಕೊಳ್ಳೋಣ ಅಂದರೆ ಬಿಡಲ್ಲ. ಅದಕ್ಕೇ ಈ ಮೊದಲನೇ ಪರದೆ ಬಗ್ಗೆ ಇಷ್ಟು ಮಾತು.

ಎಲ್ಲರೂ ಕೇಳೋದು ಯಾರು ಗಟ್ಟಿ ಅಂತ. ಅಂಗಡಿಯವನಾಗಿ ನಾನು ಕೇಳೋದು ಯಾರು ಎಷ್ಟು ಖರ್ಚು ಹಾಕಿಸ್ತಾರೆ ಅಂತ. ಯಾಕೆಂದರೆ ನಾಲ್ಕೂ ಜನರ ಜೇಬು ಒಂದೇ. ಈ ಆಟದಲ್ಲಿ ಲೆವೆಲ್ ಏರಿದರೆ ಮಂತ್ರ ತಾನಾಗಿ ಬರಲ್ಲ, ಅಂಗಡಿಗೆ ಹೋಗಿ ದುಡ್ಡು ಕೊಟ್ಟು ತರಬೇಕು. ಲೆವೆಲ್ ಏರಿದರೆ ಸಿಗೋದು ಆ ಮಂತ್ರವನ್ನು ಎಷ್ಟು ಸಲ ಹಾಕಬಹುದು ಅನ್ನೋ ಲೆಕ್ಕ ಮಾತ್ರ. ಕತ್ತಿ, ಕವಚ ಕೂಡ ಅದೇ ಜೇಬಿನಿಂದ.

ನಾನು ಅರ್ಧಕ್ಕೆ ಬಿಟ್ಟ ತಂಡ ಇದು: ವಾರಿಯರ್, ರೆಡ್ ಮೇಜ್, ವೈಟ್ ಮೇಜ್, ಬ್ಲ್ಯಾಕ್ ಮೇಜ್. ನೋಡೋಕೆ ಎಷ್ಟು ಚೆಂದ ಅಲ್ವಾ? ಹೊಡೆಯೋನು ಒಬ್ಬ, ಗುಣ ಮಾಡೋನು ಒಬ್ಬ, ಬೆಂಕಿ ಉಗುಳೋನು ಒಬ್ಬ, ಎಲ್ಲ ಸ್ವಲ್ಪ ಸ್ವಲ್ಪ ಬರೋನು ಒಬ್ಬ. ಎಲ್ಫ್‌ಹೈಮ್ ಅನ್ನೋ ಊರಿಗೆ ಬರೋ ತನಕ ಎಲ್ಲ ಸರಿ ಇತ್ತು. ಅಲ್ಲಿ ಮೂರನೇ ಹಂತದ ಮಂತ್ರ, ನಾಲ್ಕನೇ ಹಂತದ ಮಂತ್ರ ಎರಡೂ ಮಾರ್ತಾರೆ. ಮೂಲ ಆಟದ ದರ ಹೇಳ್ತೀನಿ: ಮೂರನೇ ಹಂತದ್ದು ಒಂದಕ್ಕೆ 1500 ಗಿಲ್ (ಆಟದೊಳಗಿನ ದುಡ್ಡು), ನಾಲ್ಕನೆಯದು 4000. ಒಬ್ಬ ಒಂದು ಹಂತದಲ್ಲಿ ಮೂರು ಮಂತ್ರ ಕಲಿಯಬಹುದು. ಅಂದರೆ ಎರಡು ಹಂತ ತುಂಬಿಸೋಕೆ ಒಬ್ಬನಿಗೇ 16,500. ನನ್ನ ಹತ್ತಿರ ಮಂತ್ರದವರು ಮೂವರು. 49,500 ಆಯ್ತು. ವಾರಿಯರ್‌ಗೆ ಅದೇ ಊರಿನ ಬೆಳ್ಳಿ ಕತ್ತಿ 4000, ಅದನ್ನೇ ನೋಡಿ ರೆಡ್ ಮೇಜ್ ಕೂಡ ನಂಗೂ ಒಂದು ಅಂತಾನೆ. ಹೊಸ ಆವೃತ್ತಿಯಲ್ಲಿ ಅಂಕಿ ಬೇರೆ ಕಾಣಬಹುದು, ಗೋಳು ಅದೇ.

ಕಾಲುವೆ ಗೊತ್ತಿದ್ದವರಿಗೆ ಇದನ್ನ ಬಿಡಿಸಿ ಹೇಳಬೇಕಾಗಿಲ್ಲ. ಎಡದಂಡೆ ಕಾಲುವೆಗೆ ನೀರು ಬಿಟ್ಟಾಗ ಮೇಲಿನವರು ಭತ್ತ ಹಚ್ಚಿಬಿಟ್ಟರೆ ಕೆಳಗೆ ರಾಯಚೂರು ಕಡೆ ತುದಿಯವರು ನೀರಿಗಾಗಿ ದಾರಿ ಕಾಯ್ತಾ ಕೂರಬೇಕು. ನನ್ನ ತಂಡದಲ್ಲಿ ಬ್ಲ್ಯಾಕ್ ಮೇಜ್ ತುದಿಯ ರೈತ. ಮೊದಲು ಕತ್ತಿ, ಆಮೇಲೆ ವೈಟ್ ಮೇಜ್‌ಗೆ ಮಂತ್ರ, ಆಮೇಲೆ ರೆಡ್, ಅವನ ಸರದಿ ಬರೋದರೊಳಗೆ ಜೇಬು ಖಾಲಿ. ಹನ್ನೆರಡನೇ ಲೆವೆಲ್ ಆದರೂ ಎರಡನೇ ಹಂತದ ಮಂತ್ರದಲ್ಲೇ ಹೊಡೀತಾ ಇದ್ದ. ದುಡ್ಡಿಗಾಗಿ ಮೂರು ಮಧ್ಯಾಹ್ನ ಅದೇ ಕಾಡಿನಲ್ಲಿ ಸುತ್ತಿದೆ. ನಾಲ್ಕನೇ ದಿನ ಬೇಜಾರಾಗಿ ಫೋನ್ ಗಲ್ಲಾಪೆಟ್ಟಿಗೆಗೆ ಹಾಕಿ ಉದ್ರಿ ಪುಸ್ತಕ ತೆಗೆದೆ.

ಈಗ ಒಬ್ಬೊಬ್ಬರನ್ನೇ ತೂಗಿ ನೋಡೋಣ.

ವಾರಿಯರ್ ಬಗ್ಗೆ ಜಗಳ ಇಲ್ಲ. ಮೂಲ ಆಟದಲ್ಲಿ 35 ಜೀವಾಂಕದಿಂದ ಶುರು ಮಾಡ್ತಾನೆ, ಆರು ಜನರಲ್ಲಿ ಅದೇ ಜಾಸ್ತಿ. ಬ್ಲ್ಯಾಕ್ ಮೇಜ್‌ದು 25. ಕವಚ ಹಾಕಿದರೆ ಏಟು ತಾಗೋದೇ ಇಲ್ಲ ಅನ್ನೋ ಹಾಗೆ ನಿಲ್ತಾನೆ. ಖರ್ಚು ಹಾಕಿಸ್ತಾನೆ, ಆದರೆ ಹಾಕಿದ ದುಡ್ಡಿಗೆ ಮೋಸ ಇಲ್ಲ. ನಡು ಆಟದಲ್ಲಿ ಬಹಾಮುತ್ ಅನ್ನೋ ಡ್ರ್ಯಾಗನ್‌ಗೆ ಇಲಿಯ ಬಾಲ ತಂದುಕೊಟ್ಟರೆ ಎಲ್ಲರಿಗೂ ಬಡ್ತಿ ಸಿಗುತ್ತೆ. ಆಗ ಇವನು ನೈಟ್ ಆಗ್ತಾನೆ, ಮೂರನೇ ಹಂತದ ತನಕ ವೈಟ್ ಮ್ಯಾಜಿಕ್ ಕೂಡ ಕಲೀಬಹುದು. ಒಬ್ಬ ಇರಲಿ. ಇಬ್ಬರು ಬೇಡ, ಯಾಕೆಂದರೆ ಒಳ್ಳೇ ಕತ್ತಿ ಒಂದೊಂದೇ ಸಿಗೋದು. ಎಕ್ಸ್‌ಕ್ಯಾಲಿಬರ್ ಒಂದೇ, ಅದನ್ನು ಹಿಡಿಯೋಕೆ ಬರೋದು ನೈಟ್‌ಗೆ ಮಾತ್ರ.

ಮಂಕ್ ನನ್ನ ಅಚ್ಚುಮೆಚ್ಚಿನವನು, ಕಾರಣ ಹೇಳ್ತೀನಿ. ಇವನಿಗೆ ಏನೂ ಬೇಡ. ಬರಿಗೈಯಲ್ಲಿ ಹೊಡೀತಾನೆ. ಮೂಲ ಆಟದಲ್ಲಿ ಬರಿಗೈ ಏಟಿನ ಬಲ ಅಂದರೆ ಲೆವೆಲ್‌ನ ಎರಡು ಪಟ್ಟು, ಹೊಡೆತದ ಸಂಖ್ಯೆಯೂ ಎರಡು ಪಟ್ಟು. ಕವಚ ಬಿಚ್ಚಿಟ್ಟರೆ ಲೆವೆಲ್ ಎಷ್ಟೋ ಅಷ್ಟು ರಕ್ಷಣೆ. ಶುರುವಿನಲ್ಲಿ ಮಾತ್ರ ಸಪ್ಪೆ. ಮೊದಲ ಕೆಲವು ಲೆವೆಲ್ ಕೈಗೆ ಒಂದು ನುಂಚಾಕು ಕೊಡಬೇಕು, ಹತ್ತಿರ ಹತ್ತಿರ ಹತ್ತನೇ ಲೆವೆಲ್‌ಗೆ ಅದನ್ನು ಕಿತ್ತುಕೊಳ್ಳಬೇಕು. ಯಾವಾಗ ಅಂತ ತಲೆ ಕೆಡಿಸ್ಕೋಬೇಡಿ: ಪ್ರತಿ ಸಲ ಲೆವೆಲ್ ಏರಿದಾಗ ಆಯುಧ ತೆಗೆದು ಅಟ್ಯಾಕ್ ಅಂಕಿ ನೋಡಿ, ಜಾಸ್ತಿ ಆಗಿದ್ದರೆ ಅವತ್ತೇ ಮಾರಿಬಿಡಿ. ಬಹಳ ಜನ ಇದನ್ನು ಮರೆತು ಇಪ್ಪತ್ತನೇ ಲೆವೆಲ್ ತನಕ ಕೋಲು ಹಿಡಿಸಿಕೊಂಡೇ ತಿರುಗಿಸಿ, ಮಂಕ್ ಸರಿಯಿಲ್ಲ ಅಂತಾರೆ. ಪಗಾರ ಇಲ್ಲದೆ ದುಡಿಯೋ ಆಳು ಇವನು, ಇವನ ಪಾಲಿನ ದುಡ್ಡು ಬೇರೆ ಮೂವರಿಗೆ ಹೋಗುತ್ತೆ. ತಂಡದ ಬ್ಯಾಲೆನ್ಸ್ ಅಂದರೆ ನನಗೆ ಇದೇ.

ಥೀಫ್ ಹೆಸರಿಗೆ ಕಳ್ಳ, ಈ ಆಟದಲ್ಲಿ ಕದಿಯೋ ವಿದ್ಯೆಯೇ ಅವನಿಗಿಲ್ಲ! ಓಡಿಹೋಗೋದರಲ್ಲಿ ಗಟ್ಟಿ ಅಂತಾರೆ, ಮೂಲ ಆಟದಲ್ಲಿ ಅದೂ ದೋಷದಿಂದಾಗಿ ಸರಿಯಾಗಿ ಕೆಲಸ ಮಾಡ್ತಿರಲಿಲ್ಲ. ಬಡ್ತಿ ಆದ ಮೇಲೆ ನಿಂಜಾ ಆಗಿ ಒಳ್ಳೇ ಆಯುಧ, ಕವಚ, ನಾಲ್ಕನೇ ಹಂತದ ತನಕ ಬ್ಲ್ಯಾಕ್ ಮ್ಯಾಜಿಕ್ ಎಲ್ಲ ಬರುತ್ತೆ ನಿಜ. ಆದರೆ ಅಲ್ಲಿಗೆ ಅರ್ಧ ಆಟ ಮುಗಿದಿರುತ್ತೆ. ಅಷ್ಟು ದಿನ ಮನೇಲಿ ಕೂರಿಸಿ ಊಟ ಹಾಕೋ ತಾಳ್ಮೆ ಇದ್ದರೆ ತಗೊಳ್ಳಿ.

ರೆಡ್ ಮೇಜೋ ಬ್ಲ್ಯಾಕ್ ಮೇಜೋ ಅನ್ನೋದೇ ಜನ ತಲೆ ಕೆರೆದುಕೊಳ್ಳೋ ಪ್ರಶ್ನೆ, ಇಲ್ಲಿ ಸ್ವಲ್ಪ ನಿಲ್ಲೋಣ. ರೆಡ್ ಮೇಜ್ ಕತ್ತಿ ಹಿಡೀತಾನೆ, ಗುಣ ಮಾಡ್ತಾನೆ, ಬೆಂಕಿನೂ ಹಾಕ್ತಾನೆ. ಮೊದಲ ಅರ್ಧ ಆಟಕ್ಕೆ ಇವನಷ್ಟು ಉಪಯೋಗದವನು ಇನ್ನೊಬ್ಬನಿಲ್ಲ. ಅದರಲ್ಲೂ 1987ರ ಆಟದಲ್ಲಿ ಒಂದು ತಮಾಷೆ ಇತ್ತು: ಬುದ್ಧಿಯ ಅಂಕಿ ಮಂತ್ರದ ಬಲಕ್ಕೆ ಸೇರ್ತಾನೇ ಇರಲಿಲ್ಲ, ಪ್ರೋಗ್ರಾಂನಲ್ಲಿ ಆದ ತಪ್ಪು. ಹಾಗಾಗಿ ಬುದ್ಧಿವಂತ ಬ್ಲ್ಯಾಕ್ ಮೇಜ್ ಹಾಕಿದ ಬೆಂಕಿಗೂ ರೆಡ್ ಮೇಜ್ ಹಾಕಿದ ಅದೇ ಬೆಂಕಿಗೂ ವ್ಯತ್ಯಾಸ ಇರಲಿಲ್ಲ. ಹಳೇ ಆಟಗಾರರು ರೆಡ್ ಮೇಜ್ ತಗೋ ಅಂತ ಬಡ್ಕೊಳ್ಳೋದಕ್ಕೆ ಇದೂ ಒಂದು ಕಾರಣ. ಹೊಸ ಆವೃತ್ತಿಯಲ್ಲಿ ಅದನ್ನು ಸರಿ ಮಾಡಿದ್ದಾರೆ, ಈಗ ಬ್ಲ್ಯಾಕ್ ಮೇಜ್ ಬೆಂಕಿ ನಿಜವಾಗಿ ಜೋರು. ಹಳೇ ಸಲಹೆ ಓದಿ ಹೊಸ ಆಟ ಆಡಬೇಡಿ ಅಂತ ಇದಕ್ಕೇ ಹೇಳೋದು. ಇನ್ನೊಂದು ಮಾತು, ಎಂಟನೇ ಹಂತದ ಮಂತ್ರ ರೆಡ್ ಮೇಜ್‌ಗೆ ಒಂದೂ ಸಿಗಲ್ಲ. ಕೊನೆಕೊನೆಗೆ ಅವನು ಹಿಂದೆ ಬೀಳ್ತಾನೆ.

ಆದರೆ ಇವರಿಬ್ಬರಲ್ಲಿ ಯಾರನ್ನು ತಗೊಂಡರೂ ನಾನು ಬೆಂಕಿಗಾಗಿ ತಗೊಳ್ಳಲ್ಲ, ಹೇಸ್ಟ್‌ಗಾಗಿ ತಗೋತೀನಿ. ನಾಲ್ಕನೇ ಹಂತದ ಬ್ಲ್ಯಾಕ್ ಮ್ಯಾಜಿಕ್ ಅದು, ಯಾರ ಮೇಲೆ ಹಾಕ್ತೀವೋ ಅವರ ಹೊಡೆತ ಎರಡು ಪಟ್ಟಾಗುತ್ತೆ. ಮಂಕ್ ಮೇಲೆ ಹಾಕಿ ನೋಡಿ. ದೊಡ್ಡ ದೊಡ್ಡ ಬಾಸ್‌ಗಳು ನಾಲ್ಕೈದು ಸುತ್ತಿನಲ್ಲಿ ಮಲಗ್ತವೆ. ಹೇಸ್ಟ್ ಇಬ್ಬರಿಗೂ ಬರುತ್ತೆ. ಹಾಗಾದರೆ ಇಬ್ಬರೂ ಯಾಕೆ? ಒಬ್ಬ ಸಾಕು.

ವೈಟ್ ಮೇಜ್ ಬೇಕೇ ಬೇಕಾ? ಬೇಕೇ ಬೇಕು ಅಂತೇನಿಲ್ಲ. ರೆಡ್ ಮೇಜ್ ಮತ್ತು ಚೀಲದ ತುಂಬ ಪೋಶನ್ (ಗಾಯದ ಔಷಧಿ) ಇದ್ದರೆ ನಡೆಸಬಹುದು, ಪೋಶನ್ 99ರ ತನಕ ಇಟ್ಕೋಬಹುದು. ಆದರೆ ಮೊದಲ ಸಲ ಆಡೋರು ಬಿಡಬೇಡಿ. ಕಾರಣ ಮೂರು. ಮೂರನೇ ಹಂತದ ಹೀಲ್ ಮಂತ್ರ ನಾಲ್ವರನ್ನೂ ಒಟ್ಟಿಗೆ ಗುಣ ಮಾಡುತ್ತೆ. ಡಿಯಾ ಅನ್ನೋ ಮಂತ್ರ ದೆವ್ವ, ಅಸ್ಥಿಪಂಜರದಂಥವುಗಳಿಗೆ ಬ್ಲ್ಯಾಕ್ ಮೇಜ್‌ನ ಬೆಂಕಿಗಿಂತ ಸಲೀಸು. ಮತ್ತೆ ಸತ್ತವರನ್ನು ಎಬ್ಬಿಸೋದು. ಮೂಲ ಆಟದಲ್ಲಿ ಅದಕ್ಕೆ ಯಾವ ಔಷಧಿಯೂ ಇರಲಿಲ್ಲ, ಹೆಣ ಹೊತ್ತುಕೊಂಡು ಊರಿಗೆ ಹೋಗಿ ಗುಡಿಯಲ್ಲಿ ದುಡ್ಡು ಕಟ್ಟಬೇಕು, ಇಲ್ಲ ಐದನೇ ಹಂತದ ಲೈಫ್ ಮಂತ್ರ ಬರಬೇಕು. ಗುಹೆಯ ತಳದಲ್ಲಿ ಇಬ್ಬರು ಸತ್ತು, ಊರು ದೂರ ಇದ್ದಾಗ ಗೊತ್ತಾಗುತ್ತೆ ವೈಟ್ ಮೇಜ್ ಬೆಲೆ. ಗುಹೆಯೊಳಗೆ ಟೆಂಟ್ ಕೂಡ ಹಾಕೋಕಾಗಲ್ಲ.

ಸರಿ, ಈಗ ತಂಡಗಳು. 126ರಲ್ಲಿ ನಾನು ಸೀರಿಯಸ್ಸಾಗಿ ಹೋಲಿಸೋದು ಮೂರನ್ನೇ.

ಮೊದಲನೆಯದು ವಾರಿಯರ್, ಮಂಕ್, ವೈಟ್ ಮೇಜ್, ಬ್ಲ್ಯಾಕ್ ಮೇಜ್. ಹೊಸಬರು ಕಣ್ಣುಮುಚ್ಚಿ ಇದನ್ನು ತಗೊಳ್ಳಿ. ಕವಚದ ಖರ್ಚು ಒಬ್ಬನಿಗೆ, ಮಂತ್ರದ ಖರ್ಚು ಇಬ್ಬರಿಗೆ, ಅದರಲ್ಲೂ ಒಬ್ಬರು ಬಿಳಿ ಅಂಗಡಿ, ಒಬ್ಬರು ಕರಿ ಅಂಗಡಿ, ಯಾರೂ ಯಾರ ಪಾತ್ರೆಗೂ ಕೈ ಹಾಕಲ್ಲ. ಕೊನೆ ತನಕ ಎಲ್ಲ ಮಂತ್ರ ಸಿಗುತ್ತೆ. ಕಷ್ಟ ಏನಿದ್ದರೂ ಶುರುವಿನಲ್ಲಿ, ಹಿಂದಿನ ಇಬ್ಬರೂ ಒಂದೆರಡು ಏಟಿಗೆ ಬೀಳ್ತಾರೆ. ಪ್ರವೋಕಾ ಊರಿನ ಒಂಬತ್ತು ಕಡಲ್ಗಳ್ಳರ ಹತ್ತಿರ ನಾನು ಈ ತಂಡದಲ್ಲಿ ಎರಡು ಸಲ ಸೋತೆ, ಆಮೇಲೆ ಬ್ಲ್ಯಾಕ್ ಮೇಜ್‌ಗೆ ಸ್ಲೀಪ್ ಮಂತ್ರ ಕೊಡಿಸಿ ಗೆದ್ದೆ.

ಎರಡನೆಯದು ವಾರಿಯರ್, ಮಂಕ್, ರೆಡ್ ಮೇಜ್, ವೈಟ್ ಮೇಜ್. ಈಗ ನಾನು ಆಡೋದು ಇದನ್ನೇ. ಬಸ್ಸಿನಲ್ಲಿ, ಅಂಗಡಿಯಲ್ಲಿ ಹತ್ತು ಹತ್ತು ನಿಮಿಷ ಆಡೋರಿಗೆ ಇದು ಹೇಳಿ ಮಾಡಿಸಿದ್ದು. ಗಂಗಾವತಿಗೆ ಹೋಗೋ ಬಸ್ಸಿನಲ್ಲಿ ಮೂರು ಜಗಳ ಮುಗಿಸಿ ಇಳೀಬಹುದು, ಪಿಕ್ಸೆಲ್ ರೀಮಾಸ್ಟರ್‌ನಲ್ಲಿ ಎಲ್ಲಿ ಬೇಕಾದರೂ ಕ್ವಿಕ್ ಸೇವ್ ಇದೆ. ಮೂವರು ದಿನಾ ಹೊಡೀತಾರೆ, ಮಂತ್ರ ಉಳಿಯುತ್ತೆ. ಲೋಪ ಅಂದರೆ ಎಂಟನೇ ಹಂತದ ದೊಡ್ಡ ಬ್ಲ್ಯಾಕ್ ಮ್ಯಾಜಿಕ್ ಇಲ್ಲ, ಎದುರಿಗೆ ಒಂಬತ್ತು ಮೃಗ ಸಾಲಾಗಿ ನಿಂತಾಗ ಮಂತ್ರ ಉಳಿಸಬೇಕಂದರೆ ಒಂದೊಂದಾಗಿ ಕೊಲ್ಲಬೇಕು, ಸ್ವಲ್ಪ ಬೋರ್. ರೆಡ್ ಮೇಜ್‌ಗೆ ಹೊಸ ಕತ್ತಿ ಕೊಡಿಸಬೇಡಿ, ವಾರಿಯರ್ ಬಿಟ್ಟ ಹಳೇದನ್ನು ಕೊಡಿ. ಅಣ್ಣನ ಅಂಗಿ ತಮ್ಮನಿಗೆ ಬಂದ ಹಾಗೆ. ದುಡ್ಡಿನ ಕಥೆ ಅಲ್ಲಿಗೆ ಮುಗೀತು.

ಮೂರನೆಯದು ವಾರಿಯರ್, ಥೀಫ್, ವೈಟ್ ಮೇಜ್, ಬ್ಲ್ಯಾಕ್ ಮೇಜ್. ಮೊದಲನೇ ತಂಡದಲ್ಲಿ ಮಂಕ್ ತೆಗೆದು ಕಳ್ಳನನ್ನು ಹಾಕಿದ್ದು, ಅಷ್ಟೇ. ಒಮ್ಮೆ ಮುಗಿಸಿದವರು ಆಡಲಿ. ಬಡ್ತಿ ಆದ ಮೇಲೆ ನಿಂಜಾ ಕೂಡ ಹೇಸ್ಟ್ ಹಾಕ್ತಾನೆ, ಬ್ಲ್ಯಾಕ್ ಮೇಜ್ ಕೂಡ ಹಾಕ್ತಾನೆ, ಒಂದೇ ಸುತ್ತಿನಲ್ಲಿ ಇಬ್ಬರಿಗೆ. ಆ ಖುಷಿಗಾಗಿ ಮೊದಲರ್ಧ ಅನುಭವಿಸಬೇಕು.

ನಾಲ್ಕು ವಾರಿಯರ್, ನಾಲ್ಕು ವೈಟ್ ಮೇಜ್ ಅಂತ ಹಠಕ್ಕೆ ಆಡಿ ಗೆದ್ದವರಿದ್ದಾರೆ. ಅಂಜನಾದ್ರಿ ಬೆಟ್ಟವನ್ನು ಮಂಡಿಯಲ್ಲಿ ಹತ್ತೋ ಭಕ್ತಿ ಅದು, ನನಗಿಲ್ಲ.

ಲೆವೆಲ್ ಏರಿಸೋ ವಿಷಯಕ್ಕೆ ಬರೋಣ. ಒಂದು ಸಮಾಧಾನ, ಆರೂ ಕಸುಬಿನವರಿಗೆ ಲೆವೆಲ್ ಏರಲು ಬೇಕಾದ ಅನುಭವದ ಅಂಕ ಒಂದೇ. ಮಂತ್ರದವರು ನಿಧಾನಕ್ಕೆ ಏರ್ತಾರೆ ಅನ್ನೋದು ಸುಳ್ಳು. ಅವರು ಹಿಂದೆ ಬೀಳೋದು ಸತ್ತಿದ್ದಕ್ಕೆ. ಜಗಳದಲ್ಲಿ ಬಂದ ಅಂಕ ಬದುಕಿರೋರ ನಡುವೆ ಮಾತ್ರ ಹಂಚಿಕೆ ಆಗುತ್ತೆ. ಮೂಲ ಆಟದಲ್ಲಿ ಓಗರ್ ಅನ್ನೋ ರಾಕ್ಷಸ ಒಂದನ್ನು ಕೊಂದರೆ 195 ಅಂಕ, ನಾಲ್ವರಿದ್ದರೆ ತಲೆಗೆ 48. ಬ್ಲ್ಯಾಕ್ ಮೇಜ್ ಸತ್ತು ಬಿದ್ದಿದ್ದರೆ ಉಳಿದ ಮೂವರಿಗೆ 65, ಅವನಿಗೆ ಸೊನ್ನೆ. ಹೀಗೆ ಹತ್ತು ಜಗಳ ಆದರೆ ಅವನು ಒಂದು ಲೆವೆಲ್ ಕೆಳಗೆ, ಕೆಳಗಿರೋದಕ್ಕೆ ಇನ್ನೂ ಬೇಗ ಸಾಯ್ತಾನೆ. ಸಾಲಕ್ಕೆ ಬಡ್ಡಿ ಬೆಳೆದ ಹಾಗೆ. ಅದಕ್ಕೆ ಜಗಳದ ಕೊನೆ ಏಟಿಗೆ ಮುಂಚೆ ಬಿದ್ದವರನ್ನು ಎಬ್ಬಿಸೋ ದಾರಿ ಇದ್ದರೆ ಎಬ್ಬಿಸಿಯೇ ಮುಗಿಸಿ.

ಎಲ್ಲಿ ಏರಿಸಬೇಕು? ಮೂರು ಜಾಗ ಜನ ಹೇಳ್ತಾರೆ. ಎಲ್ಫ್‌ಹೈಮ್ ಸುತ್ತ ಓಗರ್‌ಗಳನ್ನು ಹೊಡೆಯೋದು ಎಲ್ಲಕ್ಕಿಂತ ಸುರಕ್ಷಿತ, ಒಂದಕ್ಕೆ 195 ಗಿಲ್ ಕೂಡ ಬರುತ್ತೆ, ಸುಸ್ತಾದರೆ ಪಕ್ಕದಲ್ಲೇ ಛತ್ರ. ಪ್ರವೋಕಾದ ಈಶಾನ್ಯಕ್ಕೆ ಒಂದು ಸಣ್ಣ ಚಾಚು ನೆಲ ಇದೆ. ನಕ್ಷೆಯನ್ನು ಚೌಕ ಚೌಕವಾಗಿ ಕತ್ತರಿಸಿ ಮೃಗಗಳನ್ನು ಹಂಚಿದಾಗ ಬಹಳ ಮುಂದಿನ ಸೀಮೆಯ ಚೌಕದ ಅಂಚು ಇಲ್ಲಿಗೆ ಬಂದುಬಿಟ್ಟಿದೆ, ಹಾಗಾಗಿ ಆ ನಾಲ್ಕು ಹೆಜ್ಜೆಯಲ್ಲಿ ಮಾತ್ರ ದೊಡ್ಡ ದೊಡ್ಡವು ಬರ್ತವೆ. ಸರ್ವೆ ನಂಬರ್ ಗಡಿ ತಪ್ಪಿದ ಹೊಲ ಇದ್ದ ಹಾಗೆ! ಲಾಭ ಜಾಸ್ತಿ, ಆದರೆ ಬೆಂಕಿಯ ಎರಡನೇ ಮಂತ್ರ ಫೈರಾ ಕೈಗೆ ಬರೋ ಮುಂಚೆ ಹೋದರೆ ತಿರುಗಿ ಬರಲ್ಲ. ಮೂರನೆಯದು ಭೂಮಿಯ ಗುಹೆಯ ಮೊದಲನೇ ಮಹಡಿಯ ಒಂದು ಓಣಿ. ಅಲ್ಲಿ ಹೆಜ್ಜೆ ಹೆಜ್ಜೆಗೂ ದೈತ್ಯರು. ಮೂಲ ಆಟದಲ್ಲಿ ಒಬ್ಬ ದೈತ್ಯನಿಗೆ 879 ಅಂಕ, 879 ಗಿಲ್. ಆದರೆ ಅಲ್ಲಿಗೆ ಹೋಗೋಕೆ ಕುಬ್ಜನೊಬ್ಬ ಮದ್ದು ಸಿಡಿಸಿ ಕಾಲುವೆ ತೋಡಿ, ನಮ್ಮ ಹಡಗು ದಾಟಬೇಕು. ಈ ಆಟದಲ್ಲೂ ಕಾಲುವೆ ಬಂದ ಮೇಲೇನೇ ಊರು ಉದ್ಧಾರ ಆಗೋದು, ನನಗೆ ನಗು ಬಂತು.

ನನ್ನ ಲೆಕ್ಕದಲ್ಲಿ ಎಲ್ಫ್‌ಹೈಮ್‌ನಲ್ಲಿ ಹೇಸ್ಟ್‌ಗೆ ದುಡ್ಡಾಗೋ ತನಕ ನಿಂತು, ಆಮೇಲೆ ನೇರ ದೈತ್ಯರ ಓಣಿಗೆ ಹೋಗೋದು ಒಳ್ಳೇದು. ಚಾಚು ನೆಲದ ಆಸೆ ಬೇಡ. ಸ್ವಿಚ್, ಪ್ಲೇಸ್ಟೇಷನ್‌ನಲ್ಲಿ ಆಡೋರಿಗೆ ಈ ತಾಪತ್ರಯವೇ ಇಲ್ಲ, ಅನುಭವ ಮತ್ತು ಗಿಲ್ ಎರಡನ್ನೂ 4 ಪಟ್ಟು ಮಾಡೋ ಸೆಟ್ಟಿಂಗ್ ಇದೆ, ಮೃಗ ಎದುರಾಗೋದನ್ನೇ ನಿಲ್ಲಿಸೋ ಗುಂಡಿಯೂ ಇದೆ. ಮೊದಲ ಸಲ ಅದನ್ನು ಹಾಕಬೇಡಿ. ದುಡ್ಡು 4 ಪಟ್ಟಾದರೆ ಮೇಲೆ ಬರೆದ ಜಮಾ-ಖರ್ಚೆಲ್ಲ ದಂಡ, ಯಾವ ತಂಡ ತಗೊಂಡರೂ ಒಂದೇ ಆಗಿಬಿಡುತ್ತೆ.

ಒಂದು ವಿಷಯ ಬಿಟ್ಟಿದ್ದೆ, ಸಾಲು. ಮೂಲ ಆಟದಲ್ಲಿ ಮೃಗದ ಏಟಿನಲ್ಲಿ ಅರ್ಧದಷ್ಟು ಮೊದಲನೇ ಜಾಗದವನಿಗೇ ಬೀಳುತ್ತೆ, ಕಾಲು ಭಾಗ ಎರಡನೆಯವನಿಗೆ, ಉಳಿದದ್ದು ಕೊನೆಯ ಇಬ್ಬರಿಗೆ ಸಮ. ಹಾಗಾಗಿ ವಾರಿಯರ್ ಮೊದಲು, ಮಂಕ್ ಎರಡನೆಯವನು, ವೈಟ್ ಮೇಜ್ ಕೊನೆಗೆ. ಆಟದ ನಡುವೆ ಸಾಲು ಬದಲಿಸಬಹುದು, ವಾರಿಯರ್ ಸತ್ತರೆ ಅವನನ್ನು ಹಿಂದಕ್ಕೆ ಹಾಕಿ ಮಂಕ್‌ನನ್ನು ಮುಂದೆ ತರೋದು ಮರೀಬೇಡಿ.

ಚಿಕ್ಕಪ್ಪನ ಮಗನಿಗೆ ಇಷ್ಟೆಲ್ಲ ಹೇಳಿದೆ. ಒಗ್ಗರಣೆ ಮಿರ್ಚಿ ತಿಂತಾ ಪೂರ್ತಿ ಕೇಳಿದ. ಆಮೇಲೆ, "ಹಂಗಾರ ಅಣ್ಣಾ, ಖರ್ಚ ಇಲ್ಲದಾವ ಮಂಕ್ ಒಬ್ಬನ ಅಂದ್ರ, ನಾಕೂ ಮಂದಿ ಮಂಕ್ ತಗೊಳ್ಳಲೇನು?" ಅಂದ. ನಾನು ಬಾಯಿ ತೆರೆಯೋದರೊಳಗೆ ಗಿರಾಕಿ ಬಂದರು, ಎರಡು ಚೀಲ ಯೂರಿಯಾ. ತೂಕದ ಚೀಟಿ ಬರೆದು ತಿರುಗಿ ನೋಡಿದರೆ ನಾಲ್ಕು ಮಂಕ್ ಕಾರ್ನೀಲಿಯಾ ಊರಿನ ಬಾಗಿಲಲ್ಲಿ ನಿಂತಿದ್ದರು.